ಕುಲಸುಮಬೀ ಹಾಕದ ಚಿಟಿಕೆ

ಬೀದರದ ಕುಲಸುಮಬೀಗೆ ಎರಡು ಗುಣಗಳಿದ್ದವು. ಅವಳ ನಾಲಿಗೆ ಮಣ್ಣಿನ ವಯಸ್ಸು ಹೇಳುತ್ತಿತ್ತು. ಅವಳ ಮನಸ್ಸು ಯಾವುದನ್ನೂ ಮರೆಯುತ್ತಿರಲಿಲ್ಲ. ಮೊದಲನೆಯದರಿಂದ ಅವಳ ಮನೆ ನಡೆಯುತ್ತಿತ್ತು. ಎರಡನೆಯದು ಅವಳನ್ನು ಎಲ್ಲಿಗೆ ಒಯ್ದು ನಿಲ್ಲಿಸಿತು ಎನ್ನುವುದನ್ನು ಇಲ್ಲಿ ಹೇಳಬೇಕಾಗಿದೆ.

ಹೈದರಾಬಾದ ಸಂಸ್ಥಾನ ಇನ್ನೂ ಇದ್ದ ಆ ಕಾಲದಲ್ಲಿ ಬೀದರ ಸೀಮೆಯಲ್ಲಿ ಹೊತ್ತು ಸಡಿಲವಾಗಿತ್ತು. ಬೇರೆ ಕಡೆ ಹೊತ್ತು ತನ್ನ ಪಾಡಿಗೆ ತಾನು ಮುಂದೆ ಹೋಗುತ್ತದೆ. ಇಲ್ಲಿ ಹಿಡಿದು ನಿಲ್ಲಿಸದಿದ್ದರೆ ಜಾರಿಬಿಡುತ್ತಿತ್ತು. ಹೆಪ್ಪು ಹಾಕುವ ಮೊದಲೇ ಹಾಲು ಮೊಸರಾಗಿರುತ್ತಿತ್ತು. ಹೋದ ವರ್ಷದ ಜಗಳ ಈ ವರ್ಷದ ಅಡುಗೆಮನೆಯಲ್ಲಿ ಕೇಳಿಬಂದು, ಮುಗಿದುಹೋದ ಮಾತಿಗೆ ಅತ್ತೆ ಸೊಸೆ ಮತ್ತೆ ಮುಖ ಊದಿಸಿಕೊಳ್ಳುತ್ತಿದ್ದರು. ಔರಾದ ಕಡೆಯ ಒಬ್ಬ ಮುದುಕ ಒಂದೇ ಮಧ್ಯಾಹ್ನ ಮೂರು ಸಲ ಉಂಡು, ಮೂರು ಸಲವೂ ಇದೇ ಮೊದಲನೆಯ ಊಟವೆಂದು ಸೊಸೆಯ ಜೊತೆ ವಾದಿಸಿದನಂತೆ. ಅವನ ವಾದದಲ್ಲಿ ಎಷ್ಟು ಸಡಿಲ ಹೊತ್ತು, ಎಷ್ಟು ಹಸಿವು ಎನ್ನುವುದನ್ನು ಯಾರೂ ಬಿಡಿಸಿ ನೋಡಲಿಲ್ಲ.

ಇದಕ್ಕೆ ಇದ್ದ ಮದ್ದು ನಿಲುಗುಂಡು. ತೆಂಗಿನಕಾಯಿ ಗಾತ್ರದ ಕರಿ ಗುಂಡು, ಅದರ ಮೈತುಂಬ ಬೆಳ್ಳಿ ತಂತಿಯ ಬಳ್ಳಿ. ಅದನ್ನು ಮನೆಯ ನಡುತೊಲೆಗೆ ಸರಪಳಿಯಿಂದ ತೂಗುಬಿಟ್ಟರೆ ಆ ಮನೆಯ ಗೋಡೆಗಳೊಳಗೆ ಹೊತ್ತು ಹದಕ್ಕೆ ಬರುತ್ತಿತ್ತು. ಬೆಳಗಾದ ಮೇಲೆ ಮಧ್ಯಾಹ್ನ, ಮಧ್ಯಾಹ್ನದ ಮೇಲೆ ಸಂಜೆ. ಇದ್ದವರ ಮನೆಯಲ್ಲಿ ಮನೆಗೊಂದು, ಇಲ್ಲದವರಲ್ಲಿ ಓಣಿಗೊಂದು ಗುಂಡು ಇರುತ್ತಿತ್ತು.

ಸತುವಿಗೆ ತಾಮ್ರ ಬೆರೆಸಿ ಎರಕ ಹೊಯ್ಯುವುದನ್ನು ಯಾರು ಬೇಕಾದರೂ ಕಲಿಯಬಹುದು. ಗುಟ್ಟು ಇದ್ದದ್ದು ಮಣ್ಣಿನಲ್ಲಿ. ಬೀದರ ಕೋಟೆಯ ಒಳಗೋಣೆಗಳಲ್ಲಿ ನೂರಾರು ವರ್ಷಗಳಿಂದ ಬಿಸಿಲು ಮಳೆ ಕಾಣದ ಮಣ್ಣಿತ್ತು. ಅದನ್ನು ನವಸಾಗರವೆಂಬ ಉಪ್ಪಿನ ಜೊತೆ ಕುದಿಸಿ ಗುಂಡಿಗೆ ಕಪ್ಪು ಬಣ್ಣ ಬರಿಸುತ್ತಿದ್ದರು. ಆಮೇಲೆ ಗುಂಡಿನ ಟೊಳ್ಳು ಹೊಟ್ಟೆಯಲ್ಲಿ ಅದೇ ಮಣ್ಣನ್ನು ಒಂದು ಹಿಡಿ ತುಂಬಿ ತಿರುಪಿನ ಮುಚ್ಚಳ ಹಾಕುತ್ತಿದ್ದರು. ಒಂದು ದಿನವನ್ನೂ ನೋಡದ ಮಣ್ಣಿಗೆ ಯಾವ ದಿನದ ಮೇಲೂ ಮೋಹವಿಲ್ಲ, ಹಾಗಾಗಿ ಹೊತ್ತು ಅದರ ಮುಂದೆ ನೆಟ್ಟಗೆ ನಡೆಯುತ್ತದೆ ಎಂದು ಆ ಕೆಲಸದವರು ಹೇಳುತ್ತಿದ್ದರು. ಆದರೆ ಮಣ್ಣು ಬಿಸಿಲು ಕಂಡಿದೆಯೋ ಇಲ್ಲವೋ ಎನ್ನುವುದು ಕಣ್ಣಿಗೆ ತಿಳಿಯುವುದಿಲ್ಲ. ನಾಲಿಗೆಯ ಮೇಲೆ ಇಟ್ಟು ನೋಡಬೇಕು.

ಕುಲಸುಮಬೀಯ ತಂದೆಯೂ ಮಣ್ಣು ನೋಡುವವನೇ. ಏಳು ವರ್ಷದ ಮಗಳ ನಾಲಿಗೆಗೆ ಒಂದಿಷ್ಟು ಮಣ್ಣು ಸೋಕಿಸಿ ಏನನಿಸಿತೆಂದು ಕೇಳಿದಾಗ ಅವಳು, ಇದು ಎರಡು ಮಳೆಗಾಲ ಕಂಡಿದೆ, ಇದರ ಮೇಲೆ ಯಾರೋ ಕೂತು ಅತ್ತಿದ್ದಾರೆ ಎಂದಿದ್ದಳು. ಅಂದಿನಿಂದ ಅವಳಿಗೆ ಖಾರ ತಿನ್ನುವುದು ಬಂದ್. ಮದುವೆಯಾದದ್ದು ಎರಕದ ಕೆಲಸ ಮಾಡುವ ಗುಲಾಮ ರಸೂಲನ ಜೊತೆ. ಅವನು ಹೊಯ್ಯುವುದು, ಇವಳು ನಾಲಿಗೆಗೆ ಇಟ್ಟು ನೋಡುವುದು, ಅವನ ತಮ್ಮ ಮಕ್ಸೂದ ಬೆಳ್ಳಿ ತಂತಿ ಕೂಡಿಸುವುದು. ಗುಲಾಮ ರಸೂಲನ ಜೇಬಿನಲ್ಲಿ ಯಾವಾಗಲೂ ಬೆಲ್ಲದ ಚೂರು ಇರುತ್ತಿತ್ತು. ಹೆಂಡತಿ ಮಣ್ಣು ಉಗುಳಿದ ಕೂಡಲೇ ಅದನ್ನು ಅವಳ ಕೈಗೆ ಕೊಟ್ಟು, ಲೋಕದಲ್ಲಿ ಹೆಂಡತಿಗೆ ಮಣ್ಣು ತಿನ್ನಿಸಿ ಬದುಕುವ ಗಂಡ ನಾನೊಬ್ಬನೇ ಎಂದು ನಗುತ್ತಿದ್ದ. ಹದಿನಾರು ವರ್ಷ ಅದೇ ಮಾತು, ಅದೇ ನಗು. ಅವಳಿಗೆ ಅದು ಒಂದು ದಿನವೂ ಹಳತಾಗಲಿಲ್ಲ.

೧೯೪೮ರ ಸೆಪ್ಟೆಂಬರಿನಲ್ಲಿ ಗುಲಾಮ ರಸೂಲ ಮೂರು ಗುಂಡುಗಳನ್ನು ತೂಗುಬಿಡಲು ಭಾಲ್ಕಿ ಕಡೆಗೆ ಹೋಗಿದ್ದ. ಅವನು ಅಲ್ಲಿರುವಾಗಲೇ ಪೊಲೀಸ್ ಆ್ಯಕ್ಷನ್ ಆಯಿತು. ಭಾರತದ ಸೈನ್ಯ ಬಂತು, ನಿಜಾಮರ ಆಳ್ವಿಕೆ ಹೋಯಿತು, ಅವರ ಪರವಾಗಿ ಆಯುಧ ಹಿಡಿದಿದ್ದ ರಜಾಕಾರರು ದಿಕ್ಕಾಪಾಲಾದರು. ಅಲ್ಲಿಯವರೆಗೆ ರಜಾಕಾರರ ಕೈಯಲ್ಲಿ ಬಡವರು ನೊಂದಿದ್ದರು. ಈಗ ಅದರ ಸೇಡನ್ನು ಕಂಡಕಂಡವರ ಮೇಲೆ ತೀರಿಸುವ ಗುಂಪುಗಳು ಎದ್ದವು. ಗುಲಾಮ ರಸೂಲ ಯಾರಿಗೂ ಏನೂ ಮಾಡಿದವನಲ್ಲ. ಆದರೆ ಆ ದಿನಗಳಲ್ಲಿ ಅದನ್ನು ಕೇಳುವವರಿರಲಿಲ್ಲ. ಅವನು ಹಿಂದೆ ಗುಂಡು ಹಾಕಿಕೊಟ್ಟಿದ್ದ ಒಂದು ಮನೆಯ ಬಾಗಿಲು ಬಡಿದ. ಅದು ಭಾತಂಬ್ರಾ ದಾಟಿದ ಮೇಲೆ ಸಿಗುವ ಒಂದು ವಾಡಿಯಲ್ಲಿ, ಅಂದರೆ ಪುಟ್ಟ ಹಳ್ಳಿಯಲ್ಲಿ, ಏಕನಾಥ ಪಾಟೀಲನ ದೊಡ್ಡ ವಾಡೆ.

ಈ ಏಕನಾಥನಿಗೆ ಬಹುವಚನ ಕೊಡುವ ಮನಸ್ಸು ಈ ಕಥೆಗಿಲ್ಲ. ರಜಾಕಾರರು ಬಲವಾಗಿದ್ದಾಗ ಅವರಿಗೆ ಊಟ ಹಾಕಿದವನು ಅವನೇ. ಯಾರ ಮನೆಯಲ್ಲಿ ಏನಿದೆ, ಯಾರು ಯಾವ ದಾರಿಯಲ್ಲಿ ಓಡಾಡುತ್ತಾರೆ ಎಂದು ಅವರ ಕಿವಿಗೆ ಹಾಕಿದವನೂ ಅವನೇ ಎಂಬ ಗುಸುಗುಸು ಇತ್ತು. ಸೈನ್ಯ ಬಂದ ಮರುದಿನ ಬಿಳಿ ಟೊಪ್ಪಿಗೆ ಹಾಕಿಕೊಂಡು ಓಣಿಗೆ ಬಂದು ನಿಂತ. ಅಂಥವನು ಗುಲಾಮ ರಸೂಲನನ್ನು ಒಳಗೆ ಕರೆದು, ಹಗೇವಿನಲ್ಲಿ ಬಚ್ಚಿಟ್ಟುಕೋ ಎಂದ. ಹಗೇವು ಎಂದರೆ ಜೋಳ ತುಂಬಿಡುವ ನೆಲದ ಕುಳಿ. ಇವನ ಹಗೇವು ಒಳಗಿನ ಕತ್ತಲೆ ಕೋಣೆಯಲ್ಲಿತ್ತು. ಮೂರು ದಿನ ಗುಲಾಮ ರಸೂಲ ಅಲ್ಲಿ ಕೂತಿದ್ದ. ನಾಲ್ಕನೆಯ ದಿನ ಗುಂಪು ವಾಡೆಗೆ ಬಂದು, ನೀನು ಯಾರ ಕಡೆಯವನು ಎಂದು ಏಕನಾಥನನ್ನೇ ಕೇಳಿತು. ತಾನು ಯಾರ ಕಡೆಯವನೆಂದು ತೋರಿಸಲು ಅವನಿಗೆ ಒಬ್ಬ ಮನುಷ್ಯ ಬೇಕಾಗಿದ್ದ. ಮನುಷ್ಯ ಮನೆಯಲ್ಲೇ ಇದ್ದ.

ಇದನ್ನೆಲ್ಲ ಕುಲಸುಮಬೀಗೆ ಹೇಳಿದವಳು ಹೀರಾಬಾಯಿ. ಔರಾದ ತಾಲೂಕಿನ ಸಂತಪುರದ ಕುರುಬರ ಹೆಣ್ಣು. ಅವಳ ಗಂಡ ಮಡೆಪ್ಪನನ್ನು ಆ ವರ್ಷದ ಬೇಸಿಗೆಯಲ್ಲಿ, ಗಡಿಯಲ್ಲಿ ಅಡಗಿದ್ದ ಹೋರಾಟದ ಹುಡುಗರಿಗೆ ರೊಟ್ಟಿ ಒಯ್ಯುತ್ತಾನೆಂದು ರಜಾಕಾರರು ಔರಾದ ದಾರಿಯಲ್ಲಿ ಹಿಡಿದು ಕೊಂದಿದ್ದರು. ದಿಕ್ಕಿಲ್ಲದೆ ನಿಂತವಳಿಗೆ ಏಕನಾಥ ತನ್ನ ವಾಡೆಯಲ್ಲಿ ಕೆಲಸ ಕೊಟ್ಟಿದ್ದ, ಮಲಗಲು ದನದ ಕೊಟ್ಟಿಗೆ ಕೊಟ್ಟಿದ್ದ. ಹಗೇವಿನೊಳಗೆ ರೊಟ್ಟಿ ಇಳಿಸುತ್ತಿದ್ದವಳು ಅವಳೇ. ತನ್ನ ಗಂಡನನ್ನು ಕೊಂದವರ ಜಾತಿಯವನಿಗೆ ರೊಟ್ಟಿ ಕೊಡಬೇಕೇ ಎಂದು ಮೊದಲ ದಿನ ಹಲ್ಲು ಕಚ್ಚಿದ್ದಳು. ಎರಡನೆಯ ದಿನ ಕೆಳಗಿನಿಂದ ಅವನು, ನಿನ್ನ ರೊಟ್ಟಿ ನನ್ನ ಹೆಂಡತಿಯದರ ಹಾಗೇ ಒಂದು ಕಡೆ ಸೀದಿರುತ್ತದೆ ತಂಗಿ ಎಂದಾಗ ಅವಳ ಸಿಟ್ಟು ಇಳಿದಿತ್ತು. ಗುಂಪು ಬಂದಾಗ ಅವಳು ಕೊಟ್ಟಿಗೆಯಲ್ಲಿದ್ದಳು. ಕತ್ತಲೆ ಕುಳಿಯೊಳಗೆ ತಲೆ ಹಾಕಲು ಜನ ಹೆದರಿದಾಗ ಏಕನಾಥ ತಾನೇ ಮಾಳಿಗೆ ಹತ್ತಿ ಬೆಳಕಿಂಡಿಯ ಮುಚ್ಚಳ ಸರಿಸಿದನಂತೆ. ನಡುಮಧ್ಯಾಹ್ನದ ಬಿಸಿಲು ನೇರವಾಗಿ ಕುಳಿಯ ತಳಕ್ಕೆ ಬಿದ್ದು, ಅಲ್ಲಿ ಕೂತವನ ಮುಖ ಕಂಡಿತಂತೆ. ಅಂಗಳಕ್ಕೆ ಎಳೆದು ತಂದ ಮೇಲೆ ನಡೆದದ್ದನ್ನು ಹೀರಾಬಾಯಿ ಹೇಳಲಿಲ್ಲ, ಕುಲಸುಮಬೀ ಕೇಳಲಿಲ್ಲ. ಆ ರಾತ್ರಿಯೇ ಏಕನಾಥ ಬೆಳಕಿಂಡಿ ಮುಚ್ಚಿಸಿ, ಕೋಣೆಗೆ ಕೀಲಿ ಹಾಕಿಸಿದ.

ಹೀರಾಬಾಯಿ ಇದನ್ನು ಹೇಳಲೆಂದೇ ಆ ಚಳಿಗಾಲದಲ್ಲಿ ಭಾಲ್ಕಿಯಿಂದ ರೈಲು ಹತ್ತಿ ಬಂದು, ಕೇಳುತ್ತ ಕೇಳುತ್ತ ಬೀದರದ ಅಂಚಿನ ನೌಬಾದದಲ್ಲಿ ಕುಲಸುಮಬೀಯ ಮನೆ ಹುಡುಕಿದ್ದಳು. ಕುಲಸುಮಬೀ ಅವಳಿಗೆ ಊಟ ಹಾಕಿದಳು, ತಾನು ಉಣ್ಣಲಿಲ್ಲ. ಅಂದಿನಿಂದ ಮೂರು ವರ್ಷ ಅವಳು ಏಕನಾಥನ ಸಾವನ್ನು ಬಯಸುತ್ತ ಏಳುತ್ತಿದ್ದಳು, ಬಯಸುತ್ತ ಮಲಗುತ್ತಿದ್ದಳು. ಬರಿಯ ಸಾವೂ ಅವಳಿಗೆ ಕಡಿಮೆ ಎನಿಸುತ್ತಿತ್ತು. ಆದರೆ ಅವನು ಈಗ ದೊಡ್ಡ ಮನುಷ್ಯ. ಅಧಿಕಾರಿಗಳು ಅವನ ಮನೆಯಲ್ಲಿ ಉಣ್ಣುತ್ತಿದ್ದರು. ಬುರ್ಖಾದೊಳಗಿನ ಒಬ್ಬ ವಿಧವೆ ಅವನಿಗೆ ಏನು ಮಾಡಿಯಾಳು?

ಮೊದಲ ಚುನಾವಣೆಯ ಗದ್ದಲದ ದಿನಗಳಲ್ಲಿ ಅವನೇ ನಡೆದು ಬಂದ. ಅವನ ವಾಡೆಯ ಹಳೆಯ ಗುಂಡು ಸೀಳು ಬಿಟ್ಟಿತ್ತು. ಹೊತ್ತು ಜಾರುತ್ತಿದೆ, ಸಭೆಗೆ ಹೊರಟರೆ ಸಭೆ ನಿನ್ನೆಯೇ ಮುಗಿದಿರುತ್ತದೆ ಎಂದು ಮಕ್ಸೂದನ ಮುಂದೆ ಗೊಣಗಿದ. ಗುಂಡು ಮಾಡುವವರಲ್ಲಿ ಕೆಲವರು ಸತ್ತಿದ್ದರು, ಕೆಲವರು ಊರು ಬಿಟ್ಟಿದ್ದರು. ಉಳಿದದ್ದು ಇದೊಂದೇ ಮನೆ. ಇದು ಯಾರ ಮನೆ ಎಂದು ಅವನು ಕೇಳಲಿಲ್ಲ. ಪರದೆಯ ಹಿಂದೆ ಕೂತಿದ್ದ ಕುಲಸುಮಬೀ ಅವನು ಹೇಳಿದ ಊರು, ಹೆಸರು ಎರಡನ್ನೂ ಕೇಳಿಸಿಕೊಂಡಳು. ಮಕ್ಸೂದನ ಮುಖ ಸುಣ್ಣವಾಗಿತ್ತು. ಅವಳು ಒಳಗಿನಿಂದ ಬಳೆ ಸದ್ದು ಮಾಡಿ ಅವನನ್ನು ಕರೆದು, ಆಗಲಿ ಎಂದು ಹೇಳಿ ಕಳಿಸು ಎಂದಳು.

ಅವಳ ತಂದೆ ಒಂದು ಮಾತನ್ನು ಹೇಳಿಕೊಟ್ಟು, ಅದನ್ನು ಎಂದೂ ಮಾಡಬೇಡವೆಂದು ಆಣೆ ಹಾಕಿಸಿಕೊಂಡಿದ್ದ. ಒಂದೇ ಒಂದು ದಿನ ಕಂಡ ಮಣ್ಣನ್ನು ಗುಂಡಿಗೆ ತುಂಬಬಾರದು. ಅಂಥ ಮಣ್ಣಿಗೆ ಆ ಒಂದು ದಿನವೇ ಲೋಕ. ಅದನ್ನು ತೂಗುಬಿಟ್ಟ ಮನೆಯಲ್ಲಿ ಆ ದಿನ ಬಿಟ್ಟರೆ ಬೇರೆ ದಿನ ಇರುವುದಿಲ್ಲ. ಏಕನಾಥನ ಹಗೇವನ್ನು ಕತ್ತಲೆ ಕೋಣೆಯಲ್ಲಿ ದೀಪದ ಬೆಳಕಿನಲ್ಲಿ ತೋಡಿದ್ದರು. ಅದರ ತಳದ ಮಣ್ಣು ಸೂರ್ಯನನ್ನು ಕಂಡದ್ದು ಒಂದೇ ಸಲ. ಆಣೆಯನ್ನು ಕುಲಸುಮಬೀ ಅರ್ಧ ಗಳಿಗೆಯಲ್ಲಿ ಮುರಿದಳು, ಮುರಿದದ್ದಕ್ಕೆ ಅವಳಿಗೆ ಕಿಂಚಿತ್ತೂ ಅಳುಕಾಗಲಿಲ್ಲ.

ಗಂಡ ಕೊನೆಗೆ ಕೂತಿದ್ದ ಜಾಗದ ಮಣ್ಣು ಒಂದು ಹಿಡಿ ಬೇಕು, ಆದರೆ ಅದಕ್ಕೆ ಬಿಸಿಲು ತಾಗಬಾರದು ಎಂದು ಹೀರಾಬಾಯಿಗೆ ಹೇಳಿಕಳಿಸಿದಳು. ಕಾರಣ ಹೇಳಲಿಲ್ಲ. ಹೀರಾಬಾಯಿ ಅದನ್ನು ವಿಧವೆಯ ಆಸೆ ಎಂದುಕೊಂಡಳು. ಪಾಟೀಲ ಭಾಲ್ಕಿಗೆ ಹೋಗಿದ್ದ ಒಂದು ಹಗಲು ಕೀಲಿ ತೆಗೆದು, ತಲೆಯಿಂದ ಕಾಲವರೆಗೆ ಕಂಬಳಿ ಹೊದ್ದು ಕುಳಿಗೆ ಇಳಿದು, ಕಂಬಳಿಯ ಒಳಗೇ ಗಡಿಗೆಗೆ ಮಣ್ಣು ಕೆರೆದು ಬಾಯಿ ಕಟ್ಟಿ ತಂದುಕೊಟ್ಟಳು.

ಕುಲಸುಮಬೀ ಕೋಣೆಯ ಬಾಗಿಲು ಹಾಕಿಕೊಂಡು ಆ ಮಣ್ಣನ್ನು ನಾಲಿಗೆಗೆ ಇಟ್ಟಳು. ಒಂದೇ ಬಿಸಿಲು. ಜೋಳದ ಧೂಳು. ನವಸಾಗರದಲ್ಲಿ ಬೆಂದ ಕೈಗಳ ಬೆವರು. ಆಮೇಲೆ, ಎಲ್ಲಕ್ಕಿಂತ ಕೊನೆಗೆ, ಬೆಲ್ಲ. ಮಣ್ಣು ನೋಡಿದ ಮೇಲೆ ಉಗುಳಬೇಕು. ಅವಳು ಅಂದು ಉಗುಳಲಿಲ್ಲ. ನೆಲಕ್ಕೆ ಹಣೆ ಹಚ್ಚಿ ಅತ್ತಳು, ಎದ್ದು ಮುಖ ತೊಳೆದು ಮಕ್ಸೂದನಿಗೆ ಎರಕ ಹೊಯ್ಯಲು ಹೇಳಿದಳು. ಅಷ್ಟು ಚೆಂದದ ಬೆಳ್ಳಿ ಕೆಲಸವನ್ನು ಮಕ್ಸೂದ ತನ್ನ ಜನ್ಮದಲ್ಲಿ ಮಾಡಿರಲಿಲ್ಲ. ಪಾಟೀಲನ ಹೆಂಡತಿ ಮಕ್ಕಳು ಭಾಲ್ಕಿಯ ಮನೆಯಲ್ಲಿದ್ದ ವಾರ ನೋಡಿ ಅವನು ಗುಂಡನ್ನು ತೊಲೆಗೆ ತೂಗುಬಿಟ್ಟು, ಕೊನೆಯ ಕೊಂಡಿ ಸಿಕ್ಕಿಸಿದವನೇ ಹಿಂತಿರುಗಿ ನೋಡದೆ ಬಂದ.

ಹನ್ನೊಂದು ದಿನ ಕುಲಸುಮಬೀ ಹಸಿವಾಗಿ ಉಂಡಳು, ಕಣ್ಣುತುಂಬ ನಿದ್ದೆ ಮಾಡಿದಳು. ಅವನು ಆ ಮಧ್ಯಾಹ್ನದಲ್ಲಿ ಸಿಕ್ಕಿಕೊಂಡು ಒದ್ದಾಡುವುದನ್ನು ಮನಸ್ಸಿನಲ್ಲೇ ಕಂಡು ಖುಷಿಪಟ್ಟಳು. ಹನ್ನೆರಡನೆಯ ದಿನ ಹೀರಾಬಾಯಿ ಬಂದಳು. ವಾಡೆಯೊಳಗೆ ಕಾಲಿಡಲು ಆಳುಗಳು ಹೆದರಿ ಓಡಿಹೋಗಿದ್ದಾರೆ, ಅವತ್ತಿನ ಮಧ್ಯಾಹ್ನವೇ ಮತ್ತೆ ಮತ್ತೆ ನಡೆಯುತ್ತಿದೆ, ಹೊಸಿಲ ಆಚೆ ನಿಂತು ತಾನೆಲ್ಲ ನೋಡಿದೆ ಎಂದು ತೊದಲಿದಳು. ಕುಲಸುಮಬೀಗೆ ಬೇಕಾಗಿದ್ದದ್ದು ಒಂದೇ ಉತ್ತರ.

"ಪಾಟೀಲ ಅಳ್ತಾನೇನು, ಹೀರಾ?"

"ಅಂವ ಯಾಕ ಅಳ್ತಾನ್ರಿ ಆಪಾ? ಅವತ್ತೂ ಅತ್ತಿರ್ಲಿಲ್ಲ. ಲಗೂ ಮುಗಸ್ರಿ, ಊಟಕ್ಕ ಹೊತ್ತಾಗ್ತದ ಅಂತಾನ. ಪ್ರತಿ ಸಲ ಅದೇ ಮಾತು. ಅಳೋರು ನಿಮ್ಮ ಮನಿಯವ್ರು."

 ಕುಲಸುಮಬೀ ಮಣ್ಣಿನ ಲೆಕ್ಕವನ್ನೆಲ್ಲ ಹಾಕಿದ್ದಳು, ಇದೊಂದನ್ನು ಹಾಕಿರಲಿಲ್ಲ. ಗುಂಡು ಒಂದು ದಿನವನ್ನು ಹಿಡಿದರೆ ಆ ದಿನದಲ್ಲಿ ಇದ್ದವರನ್ನೆಲ್ಲ ಇದ್ದ ಹಾಗೆಯೇ ಹಿಡಿಯುತ್ತದೆ. ಏಕನಾಥನಿಗೆ ಅಂದು ಸಂಕಟವಿರಲಿಲ್ಲ, ಬರಿಯ ಹಸಿವಿತ್ತು. ಸಂಕಟವಿದ್ದದ್ದು ಕುಳಿಯಲ್ಲಿ ಕೂತವನಿಗೆ. ಹನ್ನೊಂದು ದಿನ ಅವಳು ಉಂಡು ಮಲಗಿದ ಹೊತ್ತಿನಲ್ಲಿ ಅವಳ ಗಂಡನನ್ನು ಮತ್ತೆ ಮತ್ತೆ ಎಳೆದು ತರುತ್ತಿದ್ದರು, ಹಾಗೆ ತರಿಸಿದವಳು ಅವಳೇ.

ಅಂದೇ ಹೀರಾಬಾಯಿಯ ಜೊತೆ ರೈಲಿಗೆ ಹೊರಟಳು. ವಾಡೆಯ ಹೊಸಿಲು ದಾಟಿ ಒಳಗೆ ಹೋದಾಗ ಯಾರೂ ಅವಳನ್ನು ನೋಡಲಿಲ್ಲ; ಆ ಮಧ್ಯಾಹ್ನಕ್ಕೆ ಅವಳು ಯಾರೂ ಅಲ್ಲ. ಮೇಲೆ ಮುಚ್ಚಳ ಸರಿಯಿತು. ಬಿಸಿಲು ಬಿತ್ತು. ಕುಳಿಯ ತಳದಲ್ಲಿ ಗುಲಾಮ ರಸೂಲ ಕಣ್ಣಿಗೆ ಕೈ ಅಡ್ಡ ಹಿಡಿದು ಮೇಲೆ ನೋಡಿದ. ಮೂರು ವರ್ಷದ ಮೇಲೆ ಅವಳು ಅವನ ಮುಖ ಕಂಡಳು. ಅವಳ ಕೈಯಲ್ಲಿ ಉಳಿ ಸುತ್ತಿಗೆ ಇದ್ದವು, ಸರಪಳಿ ಕೈಗೆಟಕುವಷ್ಟು ಹತ್ತಿರವಿತ್ತು, ಆದರೂ ಕೈ ಏಳಲಿಲ್ಲ. ಗುಂಪು ಅವನನ್ನು ಎಳೆದೊಯ್ದಿತು. ಬೆಳಕಿಂಡಿ ಮುಚ್ಚಿತು, ಮತ್ತೆ ತೆರೆಯಿತು, ಅವನು ಮತ್ತೆ ಮೇಲೆ ನೋಡಿದ. ಇನ್ನೊಮ್ಮೆ ನೋಡಬೇಕೆಂಬ ತನ್ನ ಆಸೆಗೆ ಅವನು ಇನ್ನೊಮ್ಮೆ ಸಾಯಬೇಕು ಎನ್ನುವುದು ಅವಳಿಗೆ ಆಗ ಹೊಳೆಯಿತು. ಮೂರನೆಯ ಸಲ, ಅವರು ಅವನ ಮೈ ಮುಟ್ಟುವ ಮೊದಲು, ಅವಳು ಸರಪಳಿ ಕಡಿದಳು.

ಗುಂಡು ಬಿದ್ದು ಎರಡು ಹೋಳಾಯಿತು. ಗುಂಪು ಮಾಯವಾಗಿತ್ತು, ಕುಳಿ ಖಾಲಿಯಾಗಿತ್ತು. ಮಾಳಿಗೆಯಿಂದ ಇಳಿದು ಬಂದ ಏಕನಾಥ ಕಣ್ಣುಜ್ಜಿಕೊಂಡು, ಈಕೆ ಯಾರೆಂದು ಹೀರಾಬಾಯಿಯನ್ನು ಕೇಳಿದ. ಗುಂಡು ಮಾಡಿದವರ ಮನೆಯಾಕೆ ಎಂದು ತಿಳಿದ ಕೂಡಲೇ, ಕಚ್ಚಾ ಮಾಲು ಕೊಟ್ಟಿದ್ದೀರಿ, ತಲೆ ಗಿರ್ರೆನ್ನುತ್ತದೆ, ಹೊಟ್ಟೆ ಹಸಿದು ಸಾಯುತ್ತಿದ್ದೇನೆ ಎಂದು ರೇಗಿದ. ಕುಲಸುಮಬೀ ಬುರ್ಖಾದ ಒಳಗಿನಿಂದ ಕೇಳಿದಳು.

"ಈ ಹಗೇವಿನಾಗ ಒಬ್ಬರು ಕೂತಿದ್ರು. ನೆನಪದ ಏನ್ರಿ?"

"ಆ ದಿನದಾಗ ಮಂದಿ ಎಲ್ಲೆಲ್ಲೋ ಕೂತಿದ್ರು. ಯಾರ್ಯಾರನ್ನ ನೆನಪಿಡ್ಲಿ? ನೀ ಗುಂಡಿನ ಮಾತಾಡು. ಬ್ಯಾರೆ ಮಾಡಿಕೊಡ್ತೀರೋ ಇಲ್ಲೋ?"

 ಹನ್ನೊಂದು ದಿನ ಅದೇ ಮಧ್ಯಾಹ್ನದಲ್ಲಿ ನಿಂತಿದ್ದವನಿಗೆ ಆ ಮಧ್ಯಾಹ್ನ ಗೊತ್ತೇ ಇರಲಿಲ್ಲ.

"ಮಾಡಿಕೊಡ್ತೀವ್ರಿ. ಈ ಸಲ ಒಂದು ಗಳಿಗಿನೂ ಜಾರಂಗಿಲ್ಲ," ಎಂದಳು.

ಇಲ್ಲಿ ಈ ಕೆಲಸದವರ ಒಂದು ಪದ್ಧತಿಯನ್ನು ಹೇಳಬೇಕು. ಯಾವ ಗುಂಡನ್ನೂ ಅವರು ಪೂರ್ತಿ ಬಿಗಿ ಮಾಡುತ್ತಿರಲಿಲ್ಲ. ಕೋಟೆಯ ಮಣ್ಣು ತುಂಬಿದ ಮೇಲೆ, ಮುಚ್ಚಳ ಹಾಕುವ ಮುಂಚೆ, ಸಾವಿರಾರು ದಿನ ಕಂಡ ರಸ್ತೆಯ ಮಣ್ಣನ್ನು ಒಂದೇ ಒಂದು ಚಿಟಿಕೆ, ಮಣ್ಣು ನೋಡುವವರ ನಾಲಿಗೆಯಲ್ಲಿ ನೆನೆಸಿ ಮೇಲೆ ಉದುರಿಸುತ್ತಿದ್ದರು. ಅದಕ್ಕೆ ದಯೆಯ ಚಿಟಿಕೆ ಎನ್ನುತ್ತಿದ್ದರು. ಆ ಚಿಟಿಕೆಯಿಂದಾಗಿ ಮನೆಯಲ್ಲಿ ಯಾರಾದರೂ ಬಹಳ ನೊಂದಾಗ ಹೊತ್ತು ತುಸು ಸಡಿಲ ಬಿಡುತ್ತಿತ್ತು. ಹೆರಿಗೆ ನೋವಿನ ನಾಲ್ಕು ತಾಸು ಎರಡಾಗಿ ಮುಗಿಯುತ್ತಿದ್ದವು. ಜ್ವರದ ರಾತ್ರಿ ಮೆಲ್ಲಗೆ ಜಾರಿ ಬೆಳಗಾಗುತ್ತಿತ್ತು. ಸಾಯುವವರಿಗೆ ಕೊನೆಯ ದಿನಗಳು ಹಗುರಾಗುತ್ತಿದ್ದವು. ಕೊಳ್ಳುವವರಿಗೆ ಇದು ಗೊತ್ತಿರಲಿಲ್ಲ. ಮನೆ ಎಂದರೆ ಹಾಗೇ ಎಂದುಕೊಂಡಿದ್ದರು.

ಏಕನಾಥನ ಎರಡನೆಯ ಗುಂಡಿಗೆ ಕುಲಸುಮಬೀ ಕೋಟೆಯ ಅತಿ ಒಳಗಿನ ಕೋಣೆಯ ಮಣ್ಣು ತರಿಸಿದಳು. ಏಳು ಸಲ ನಾಲಿಗೆಗೆ ಇಟ್ಟು ಆರಿಸಿದಳು. ಚಿಟಿಕೆಯನ್ನು ಹಾಕಲಿಲ್ಲ.

ಮೂರು ವರ್ಷ ಏಕನಾಥ ಆ ಗುಂಡನ್ನು ಬಂದವರಿಗೆಲ್ಲ ತೋರಿಸಿ, ನನ್ನ ವಾಡೆಯ ಹೊತ್ತಿಗೆ ರೈಲಿನವರೂ ಗಡಿಯಾರ ಹೊಂದಿಸಿಕೊಳ್ಳಬೇಕು ಎಂದು ಜಂಬ ಕೊಚ್ಚಿದ. ನಾಲ್ಕನೆಯ ವರ್ಷ, ೧೯೫೫ರ ದೀಪಾವಳಿ ಹೊತ್ತಿಗೆ, ಅವನ ಗಂಟಲಲ್ಲಿ ಗಡ್ಡೆ ಎದ್ದಿತು. ಡಾಕ್ಟರು ಕೈಚೆಲ್ಲಿದರು. ಇನ್ನೆರಡು ತಿಂಗಳು ಎಂದವರೂ ಇದ್ದರು, ಆರು ತಿಂಗಳು ಎಂದವರೂ ಇದ್ದರು. ಉಗುಳು ನುಂಗಿದರೂ ಗಂಟಲಿಗೆ ಬೆಂಕಿ ಇಟ್ಟ ಹಾಗಾಗುತ್ತಿತ್ತು. ಆ ವಾಡೆಯಲ್ಲಿ ಒಂದು ತಾಸು ಎಂದರೆ ಒಂದು ತಾಸೇ. ಒಂದು ಕ್ಷಣವೂ ಅವನಿಗೆ ರಿಯಾಯಿತಿ ಸಿಗಲಿಲ್ಲ. ಭಾಲ್ಕಿಯ ಮನೆಗೆ ಹೊತ್ತೊಯ್ದು ನೋಡಿದರು. ನಾಲ್ಕು ವರ್ಷ ಒಂದು ಗುಂಡಿನ ಕೆಳಗೆ ಉಂಡು ಮಲಗಿದವನ ಮೈಗೆ ಅದೇ ಲೆಕ್ಕ ಹಿಡಿದಿರುತ್ತದೆ, ಅಲ್ಲಿಯೂ ಜಾರಲಿಲ್ಲ. ವಾಪಸು ತಂದು ಮಲಗಿಸಿ ಮಕ್ಕಳು ಕೈಬಿಟ್ಟರು. ಸೇವೆಗೆ ಉಳಿದವಳು ಹೀರಾಬಾಯಿ.

ನೋವಿನಲ್ಲೂ ಅವನ ಬುದ್ಧಿ ಚುರುಕಾಗಿತ್ತು. ತಪ್ಪು ಗುಂಡಿನಲ್ಲಿದೆ ಎಂದು ಊಹಿಸಿ ಹೀರಾಬಾಯಿಯನ್ನು ನೌಬಾದಕ್ಕೆ ಕಳಿಸಿದ. ಕುಲಸುಮಬೀ ಮುಚ್ಚಿಡಲಿಲ್ಲ. ಚಿಟಿಕೆಯ ವಿಷಯ ಹೇಳಿದಳು. ಅದನ್ನು ಈಗಲೂ ಹಾಕಬಹುದು, ತನ್ನ ನಾಲಿಗೆಯೊಂದೇ ಈಗ ಉಳಿದಿರುವುದು ಎಂದಳು. ಆಮೇಲೆ ಷರತ್ತು ಹೇಳಿದಳು.

"ಹೆಸರು ಹೇಳ್ಲಿ. ಯಾರನ್ನ ಹಿಡಿದುಕೊಟ್ಟಾನ, ಆ ಮನುಷ್ಯನ ಹೆಸರು ತಾನೇ ನೆನಪು ಮಾಡಿ ಹೇಳ್ಲಿ. ಅದೇ ದಿನ ಬಂದು ಹಾಕ್ತೇನಿ."

ಹೆಸರನ್ನು ತಾನಾಗಿ ಬಿಟ್ಟುಕೊಡುವುದಿಲ್ಲವೆಂದು ಹೀರಾಬಾಯಿಯಿಂದ ಅವಳ ದೇವರ ಅರಿಶಿನದ ಭಂಡಾರ ಮುಟ್ಟಿಸಿ ಮಾತು ತೆಗೆದುಕೊಂಡಳು. ಏಕನಾಥ ಬೇರೆ ಯಾರನ್ನೂ ಕೇಳುವ ಹಾಗಿರಲಿಲ್ಲ. ಮಕ್ಕಳನ್ನು ಕೇಳಿದರೆ ಯಾಕೆಂದು ಹೇಳಬೇಕಾಗುತ್ತದೆ. ಬಿಳಿ ಟೊಪ್ಪಿಗೆ ಅವನ ತಲೆದಿಂಬಿನ ಪಕ್ಕದಲ್ಲೇ ಇತ್ತು.

ಅವನು ನೆನಪು ಮಾಡತೊಡಗಿದ. ಒಂದೊಂದು ವಾರಕ್ಕೆ ಒಂದೊಂದು ಹೆಸರು ಹೊರಬರುತ್ತಿತ್ತು. ಹೀರಾಬಾಯಿ ಅದನ್ನು ಹೊತ್ತು ರೈಲಿನಲ್ಲಿ ಬರುತ್ತಿದ್ದಳು. ಮಹಮ್ಮದ ಇಸ್ಮಾಯಿಲ ಎಂದ. ಮಕ್ಬೂಲ ಎಂದ. ಅಬ್ದುಲ ಗಫೂರ ಎಂದ. ಅಲ್ಲ, ಅಲ್ಲ, ಅಲ್ಲ ಎಂದು ಕುಲಸುಮಬೀ ಹೇಳಿ ಕಳಿಸಿದಳು. ಪ್ರತಿಯೊಂದು ಹೆಸರಿನ ಹಿಂದೆಯೂ ತನ್ನಂಥ ಒಬ್ಬಳು ಎಲ್ಲೋ ಕೂತಿದ್ದಾಳೆ ಎಂದು ತಿಳಿದು ಅವಳ ಸಿಟ್ಟು ಇನ್ನಷ್ಟು ಉರಿಯಿತು. ಅವನ ಗಂಟಲಿನ ಸುದ್ದಿ ಕೇಳಿದ ದಿನ ಅವಳಿಗೆ ಊಟ ರುಚಿಸುತ್ತಿತ್ತು. ಎಂಟು ತಿಂಗಳು ಹೀಗೇ ನಡೆಯಿತು.

ಒಂದು ದಿನ ಮಣ್ಣು ನೋಡಿ ಉಗುಳಿದವಳು ಅಭ್ಯಾಸದಂತೆ ಕೈ ಚಾಚಿದಳು, ಬೆಲ್ಲಕ್ಕಾಗಿ. ಯಾರ ಕಡೆಗೆ ಚಾಚಿದೆ ಎಂದು ನೆನೆದಾಗ ಗಂಡನ ಮುಖ ಬರಲಿಲ್ಲ. ಏಕನಾಥನ ಊದಿದ ಗಂಟಲು ಬಂತು. ಎಷ್ಟು ಪ್ರಯತ್ನಪಟ್ಟರೂ ಅದೇ ಬಂತು. ಎಂಟು ತಿಂಗಳಿಂದ ತಾನು ಹಗಲು ರಾತ್ರಿ ಕೂಡಿ ಬಾಳಿದ್ದು ಗುಲಾಮ ರಸೂಲನ ಜೊತೆಗಲ್ಲ, ಏಕನಾಥನ ಜೊತೆಗೆ ಎಂದು ಅವಳಿಗೆ ಅರಿವಾಗಿ ಹೇಸಿಗೆಯಾಯಿತು. ಸಾಕು ಎನಿಸಿತು. ಅವನ ಮೇಲೆ ಕರುಣೆಯಲ್ಲ. ಅವನನ್ನು ತಲೆಯಿಂದ ತೆಗೆದುಹಾಕಿದರೆ ಗಂಡನ ಮುಖ ಮರಳಿ ಸಿಗಬಹುದು ಎಂಬ ಆಸೆ. ನೌಬಾದದ ರಸ್ತೆಯ ಮಣ್ಣು ಒಂದು ಚಿಟಿಕೆ ತೆಗೆದು, ನಾಲಿಗೆಯಲ್ಲಿ ನೆನೆಸಿ, ಓಢಣಿಯ ತುದಿಗೆ ಗಂಟು ಹಾಕಿಕೊಂಡಳು. ಈ ಸಲ ಹೀರಾಬಾಯಿ ಬಂದಾಗ ಅವಳ ಜೊತೆಗೇ ಹೋಗಿ, ಹೆಸರು ಕೇಳದೆಯೇ ಹಾಕಿ ಬರುವುದೆಂದು ನಿಶ್ಚಯಿಸಿದಳು.

ಹೀರಾಬಾಯಿ ಮೂರನೆಯ ದಿನ ಬಂದಳು. ಎಂದಿನಂತೆ ಒಳಗೆ ಬರಲಿಲ್ಲ, ಹೊಸಿಲ ಮೇಲೆ ಕೂತಳು. ಕುಲಸುಮಬೀ ನೀರು ಕೊಟ್ಟು, ಹೆಸರು ಬೇಡ, ನಾನು ಬರುತ್ತೇನೆ, ಬುರ್ಖಾ ಹಾಕಿಕೊಳ್ಳುವಷ್ಟು ಹೊತ್ತು ಕೂತಿರು ಎಂದಳು. ಹೀರಾಬಾಯಿ ನೀರು ಮುಟ್ಟಲಿಲ್ಲ.

"ನಿನ್ನಿ ಒಂದು ಹೆಸರು ಹೇಳ್ಯಾನ್ರಿ ಆಪಾ. ಈ ಕಡಿಯ ಹೆಸರೆಲ್ಲ ಮುಗದಾವ, ಈಗ ಅದಕ್ಕೂ ಹಿಂದಿನವು ಬರ್ಲಾಕತ್ತಾವ. ಸಂತಪುರದ ಕುರುಬರ ಮಡೆಪ್ಪ ಅಂದ. ಔರಾದ ಹಾದಿ ಮ್ಯಾಗ ಸಂಜಿಮುಂದ ಸಿಗ್ತಾನಂತ ರಜಾಕಾರ್ರಿಗಿ ನಾನೇ ಹೇಳಿದ್ದೆ, ಅವನೇನು ನೋಡು ಅಂದ."

ಅವಳ ದನಿಯಲ್ಲಿ ಅಳುವಿರಲಿಲ್ಲ. ಗಂಜಿಯ ಬಟ್ಟಲು ಹಿಡಿದು ಪಕ್ಕದಲ್ಲಿ ಕೂತವಳು ಯಾರ ಹೆಂಡತಿ ಎನ್ನುವುದು ಏಕನಾಥನಿಗೆ ನೆನಪೇ ಇರಲಿಲ್ಲ. ಎಂಟು ವರ್ಷ ಅವಳು ಅವನು ಕೊಟ್ಟ ಅನ್ನಕ್ಕೆ ಋಣಿಯೆಂದುಕೊಂಡು ಅವನ ಕಸ ಬಳಿದಿದ್ದಳು. ಎಂಟು ವರ್ಷ ಗಂಡನ ಸಾವಿಗೆ ಯಾರ್ಯಾರನ್ನೋ ಶಪಿಸಿದ್ದಳು. ಕುಲಸುಮಬೀಯ ಕೈ ತಾನಾಗಿ ಓಢಣಿಯ ಗಂಟಿನ ಮೇಲೆ ಹೋಯಿತು. ಹೀರಾಬಾಯಿ ಆ ಕೈಯನ್ನು ಹಿಡಿದುಕೊಂಡಳು.

"ಚಿಟಿಕಿ ಹಾಕಬ್ಯಾಡ್ರಿ ಆಪಾ."

ಕುಲಸುಮಬೀ ಅವಳ ಮುಖ ನೋಡಿದಳು. ಎಂಟು ವರ್ಷದ ಹಿಂದೆ ಇದೇ ಮನೆಯಲ್ಲಿ ತನ್ನ ಮುಖ ಹೇಗಿತ್ತೆಂದು ಅವಳಿಗೆ ಗೊತ್ತಿತ್ತು. ಇದು ಎಲ್ಲಿಗೆ ಒಯ್ಯುತ್ತದೆ, ಏನನ್ನು ಕಿತ್ತುಕೊಳ್ಳುತ್ತದೆ ಎಂದು ಹೇಳಬೇಕೆನಿಸಿತು. ಹೇಳುವ ಹಕ್ಕು ತನಗಿಲ್ಲ ಎನಿಸಿತು. ಗಂಟು ಬಿಚ್ಚಿ ಮಣ್ಣನ್ನು ಅಂಗಳಕ್ಕೆ ಕೊಡವಿದಳು.

ಹೀರಾಬಾಯಿ ಸಂಜೆಯ ರೈಲಿಗೆ ವಾಪಸು ಹೋದಳು. ಅಂದಿನಿಂದ ಅವಳು ಏಕನಾಥನನ್ನು ನೋಡಿಕೊಂಡಷ್ಟು ಚೆನ್ನಾಗಿ ಹೆತ್ತ ತಾಯಿಯೂ ನೋಡಿಕೊಳ್ಳಲಾರಳು. ಹಾಸಿಗೆ ಹುಣ್ಣಾಗದಂತೆ ಮಗ್ಗುಲು ಬದಲಿಸಿದಳು, ಜ್ವರ ಬಂದರೆ ಹಣೆಗೆ ಒದ್ದೆ ಬಟ್ಟೆ ಹಾಕಿದಳು, ಬೇಡ ಬೇಡವೆಂದು ಅವನು ತಲೆ ಅಲ್ಲಾಡಿಸಿದರೂ ರಮಿಸಿ ರಮಿಸಿ ಗಂಜಿ ಕುಡಿಸಿದಳು. ನವೆಂಬರಿನಲ್ಲಿ ಹೈದರಾಬಾದ ರಾಜ್ಯ ಒಡೆದು ಬೀದರ ಮೈಸೂರಿಗೆ ಸೇರಿತು. ಅಂದೂ ಅವನು ಬದುಕಿದ್ದ. ಡಾಕ್ಟರು ಕೊಟ್ಟ ಗಡುವು ಮುಗಿದು ಎಷ್ಟೋ ಕಾಲವಾಗಿತ್ತು, ಈ ಹೆಂಗಸಿನ ಸೇವೆಯೇ ಅವನನ್ನು ಹಿಡಿದಿಟ್ಟಿದೆ ಎಂದು ಅವರೇ ಬೆರಗಾದರು. ಇಂಥ ನಿಷ್ಠೆಯ ಆಳು ಈ ಕಾಲದಲ್ಲಿ ಸಿಗುವುದಿಲ್ಲ ಎಂದು ವಾಡಿಯ ಜನ ಹೊಗಳಿದರು. ಅವಳು ಒಂದು ಹೊತ್ತಿನ ಗಂಜಿಯನ್ನೂ ತಪ್ಪಿಸಲಿಲ್ಲ.